ನಿವೃತ್ತಿ ಹಣ ತಡವಾಯಿತಾ? ತಾರೀಖು ಹಿಡಿದು ಬಡ್ಡಿ ಕೇಳಿ

ರಾಯಚೂರಿನ ಹತ್ತಿ ಮಿಲ್ಲೊಂದರಲ್ಲಿ ನಾನು 22 ವರ್ಷ ಲೆಕ್ಕ ಬರೆದೆ. ಅಡತಿ ಅಂಗಡಿಯವರ ಬಾಕಿ, ಲಾರಿಯವರ ಬಾಕಿ, ಯಾರಿಗೋ ಕೊಟ್ಟ ಮುಂಗಡ, ಎಲ್ಲಕ್ಕೂ ದಿನ ಎಣಿಸಿ ಬಡ್ಡಿ ಹಾಕುವುದೇ ಕೆಲಸ. ನಮ್ಮ ಕಡೆ ಬಡ್ಡಿಯನ್ನು ವರ್ಷದ ಲೆಕ್ಕದಲ್ಲಿ ಯಾರೂ ಹೇಳುವುದಿಲ್ಲ. ‘ರೂಪಾಯಿ ಬಡ್ಡಿ’, ‘ಎರಡು ರೂಪಾಯಿ ಬಡ್ಡಿ’ ಅಂತೀವಿ. ನೂರಕ್ಕೆ ತಿಂಗಳಿಗೆ ಎಷ್ಟು ಅನ್ನೋದು.

ಅಂಥ ನನಗೇ ಗ್ರಾಚ್ಯುಟಿ, ಅಂದರೆ ಸೇವೆಯ ವರ್ಷ ಎಣಿಸಿ ಮಾಲೀಕ ಕೊಡುವ ಇಡುಗಂಟು, 14 ತಿಂಗಳು ತಡವಾಗಿ ಬಂತು. ಕೇಳಿದಾಗಲೆಲ್ಲ ಮ್ಯಾನೇಜರ್ ಹೇಳುತ್ತಿದ್ದದ್ದು ಒಂದೇ ಮಾತು: ‘ಬರ್ತದ ತಗೋರಿ, ಎಲ್ಲಿ ಹೋಗ್ತದ?’ ಕೊನೆಗೆ ಒಂದು ದಿನ ಚೆಕ್ಕು ಕೊಟ್ಟರು. ಜೊತೆಗೆ ಒಂದು ಕಾಗದ. ‘ಎಲ್ಲಾ ಬಾಕಿ ಮುಟ್ಟಿದೆ, ಇನ್ನೇನೂ ಕೇಳುವುದಿಲ್ಲ’ ಎಂದು ಟೈಪ್ ಮಾಡಿದ್ದರು. ಸಹಿ ಹಾಕಿ ಮನೆಗೆ ಬಂದೆ. ಬಡ್ಡಿಯ ಮಾತೇ ಎತ್ತಲಿಲ್ಲ. ಸಂಜೆ ಶಕ್ತಿನಗರದ ಗೆಳೆಯ ಚೆಕ್ಕು ನೋಡಿ ಕೇಳಿದ, ‘ಊರಿನವರ ಬಡ್ಡಿ ಪೈಸಾ ಬಿಡದಂಗ ಹಾಕಿದವ, ನಿನ್ನ ಬಡ್ಡಿ ಎಲ್ಲೋ?’

ಆಮೇಲೆ ಆ ಬಡ್ಡಿ ತೆಗೆದುಕೊಂಡೆ. ಹೇಗೆ ಎಂದು ಮುಂದೆ ಹೇಳುತ್ತೇನೆ. ಅವತ್ತಿನಿಂದ ಗೊತ್ತಿದ್ದವರಿಗೆ ಅರ್ಜಿ ಬರೆದುಕೊಡುತ್ತಾ ಬಂದಿದ್ದೇನೆ. ಜಿನ್ನಿಂಗ್ ಮಿಲ್ಲಿನವರು, ಗಂಗಾವತಿ, ಕಾರಟಗಿ ಕಡೆಯ ಅಕ್ಕಿ ಮಿಲ್ಲಿನವರು, ಸಂಡೂರಿನ ಗಣಿಯಲ್ಲಿ ದುಡಿದವರು. ಎಲ್ಲರ ಕಥೆಯಲ್ಲೂ ಗೆದ್ದದ್ದು, ಸೋತದ್ದು ಒಂದೇ ಕಾರಣಕ್ಕೆ: ದಿನದ ಲೆಕ್ಕ ಯಾವ ತಾರೀಖಿನಿಂದ ಶುರುವಾಯಿತು ಎಂದು ತೋರಿಸುವ ಕಾಗದ ಇತ್ತಾ, ಇರಲಿಲ್ಲವಾ.

ಮೊದಲ ಕೆಲಸ: ಯಾವ ಹಣ ಯಾರ ಕೈಯಲ್ಲಿದೆ ನೋಡಿ

ಜನ ಬಂದು ‘ನನ್ನ ಪಿಎಫ್ ಬಂದಿಲ್ಲ’ ಅಂತಾರೆ. ಕೆದಕಿದರೆ ಬರದೇ ಇರುವುದು ಗ್ರಾಚ್ಯುಟಿ. ಎರಡೂ ಬೇರೆ ಗಂಟು. ಗ್ರಾಚ್ಯುಟಿ ಕೊಡಬೇಕಾದವನು ಮಾಲೀಕ. 10 ಅಥವಾ ಜಾಸ್ತಿ ಜನ ಕೆಲಸ ಮಾಡುವ ಕಡೆ, ಸಾಮಾನ್ಯವಾಗಿ 5 ವರ್ಷ ಸೇವೆ ಆದವರಿಗೆ. ಕೆಲಸದಲ್ಲಿದ್ದಾಗಲೇ ತೀರಿಹೋದರೆ 5 ವರ್ಷದ ಷರತ್ತು ಇಲ್ಲ. ಪಿಎಫ್ ಮತ್ತು ಅದರ ಜೊತೆಗಿನ ಪಿಂಚಣಿ ಇರುವುದು ಭವಿಷ್ಯ ನಿಧಿ ಕಚೇರಿಯಲ್ಲಿ. ಕೆಲವು ದೊಡ್ಡ ಸಂಸ್ಥೆಗಳಿಗೆ ಸ್ವಂತ ಪಿಎಫ್ ಟ್ರಸ್ಟ್ ಇರುತ್ತದೆ, ಅಲ್ಲಿ ಮೊದಲ ಅರ್ಜಿ ಟ್ರಸ್ಟಿಗೆ. ಸರ್ಕಾರಿ ನೌಕರರದು ಬೇರೆಯೇ ದಾರಿ.

ಯಾಕೆ ಇಷ್ಟು ಹೇಳಿದೆ ಅಂದರೆ, ಬಡ್ಡಿಯ ದರವೂ ಬೇರೆ, ದಿನದ ಗಡುವೂ ಬೇರೆ, ಕೇಳುವ ಬಾಗಿಲೂ ಬೇರೆ. ಗ್ರಾಚ್ಯುಟಿಗೆ 30 ದಿನ, 10%. ಪಿಎಫ್‌ಗೆ 20 ದಿನ, 12%. ತಪ್ಪು ಬಾಗಿಲು ತಟ್ಟಿ ಆರು ತಿಂಗಳು ಕಳೆದವರನ್ನು ಸಾಕಷ್ಟು ನೋಡಿದ್ದೇನೆ.

ಎರಡನೇ ಕೆಲಸ: ತಾರೀಖಿನ ಕಾಗದ ಮಾಡಿಕೊಳ್ಳಿ

ಕೆಲಸ ಬಿಟ್ಟ ದಿನದ ಪತ್ರ ಕೈಯಲ್ಲಿರಲಿ. ಕಂಪನಿಯವರು ಕೊಡುವುದಿಲ್ಲ ಅಂದರೆ ಕೊನೆಯ ಸಂಬಳದ ಚೀಟಿ, ಗೇಟ್ ಪಾಸು, ಇಎಸ್‌ಐ ಕಾರ್ಡು, ಪಿಎಫ್ ಪಾಸ್‌ಬುಕ್ಕಿನ ಕೊನೆಯ ಸಾಲು, ಸಂಬಳ ಜಮೆಯಾದ ಬ್ಯಾಂಕ್ ಪುಸ್ತಕ, ಇವೆಲ್ಲ ಸೇರಿ ಅದೇ ಕೆಲಸ ಮಾಡುತ್ತವೆ.

ಅರ್ಜಿ ಏನೇ ಕೊಡಿ, ಎರಡು ಪ್ರತಿ ಮಾಡಿ. ಒಂದು ಕೊಡಿ, ಇನ್ನೊಂದರ ಮೇಲೆ ಸೀಲು, ಸಹಿ, ತಾರೀಖು ಹಾಕಿಸಿಕೊಳ್ಳಿ. ‘ಇನ್‌ವರ್ಡ್ ನಂಬರ್ ನಾಳೆ ಕೊಡ್ತೀವಿ’ ಅಂದರೆ ನಾಳೆ ಬನ್ನಿ ಅಂತಲೇ ಅರ್ಥ. ಸೀಲು ಹಾಕುವುದಿಲ್ಲ ಅಂದರೆ ಜಗಳ ಬೇಡ. ಸೀದಾ ಪೋಸ್ಟಾಫೀಸಿಗೆ ಹೋಗಿ. ರಿಜಿಸ್ಟರ್ಡ್ ಪೋಸ್ಟು 2025ರಲ್ಲಿ ಸ್ಪೀಡ್ ಪೋಸ್ಟಿನಲ್ಲೇ ಸೇರಿಹೋಗಿದೆ. ರಸೀದಿ ಇಟ್ಟುಕೊಳ್ಳಿ, ತಲುಪಿದ್ದಕ್ಕೆ ರುಜುವಾತು ಕೇಳಿ. ಆ ರಸೀದಿಯ ಮಸಿ ನಮ್ಮ ಬಿಸಿಲಿಗೆ ಎರಡೇ ತಿಂಗಳಲ್ಲಿ ಹಾರಿಹೋಗುತ್ತದೆ. ಅವತ್ತೇ ಜೆರಾಕ್ಸ್ ಮಾಡಿಸಿ. ಇದು ಸಣ್ಣ ಮಾತು ಅನಿಸಬಹುದು. ಬಿಳಿ ಚೀಟಿ ಹಿಡಿದುಕೊಂಡು ಬಂದವರಿಗೆ ನಾನು ಏನೂ ಮಾಡಿಕೊಡಲು ಆಗಿಲ್ಲ.

ಗ್ರಾಚ್ಯುಟಿ: 30 ದಿನದ ಲೆಕ್ಕ

1972ರ ಗ್ರಾಚ್ಯುಟಿ ಕಾಯ್ದೆಯ 7ನೇ ಸೆಕ್ಷನ್ ಹೇಳುವುದು ಸರಳ. ಗ್ರಾಚ್ಯುಟಿ ಸಲ್ಲಬೇಕಾದ ದಿನದಿಂದ 30 ದಿನದೊಳಗೆ ಮಾಲೀಕ ಕೊಡಬೇಕು. ನೌಕರ ಅರ್ಜಿ ಹಾಕಲಿ, ಬಿಡಲಿ, ಮೊತ್ತ ಲೆಕ್ಕ ಹಾಕಿ ತಿಳಿಸುವುದು ಮಾಲೀಕನ ಕೆಲಸ. ಕೊಡದಿದ್ದರೆ ಸರಳ ಬಡ್ಡಿ. ಕೇಂದ್ರ ಸರ್ಕಾರ 1987ರಲ್ಲಿ ಆ ದರವನ್ನು ವರ್ಷಕ್ಕೆ 10% ಎಂದು ಗೊತ್ತು ಮಾಡಿತು. ಅಡತಿ ಭಾಷೆಯಲ್ಲಿ 83 ಪೈಸೆ ಬಡ್ಡಿ. ಗಂಜಿನಲ್ಲಿ, ಅಂದರೆ ನಮ್ಮ ಮಾರುಕಟ್ಟೆಯಲ್ಲಿ, ಈ ದರಕ್ಕೆ ಯಾರೂ ಸಾಲ ಕೊಡುವುದಿಲ್ಲ. ಮಾಲೀಕರು ಯಾಕೆ ಎಳೆಯುತ್ತಾರೆ ಎಂದು ಇದರಲ್ಲೇ ಗೊತ್ತಾಗುತ್ತದೆ ಅಲ್ವಾ?

2025ರ ನವೆಂಬರ್ 21ರಿಂದ ಈ ಕಾಯ್ದೆಯ ಜಾಗಕ್ಕೆ ಸಾಮಾಜಿಕ ಭದ್ರತಾ ಸಂಹಿತೆ ಬಂದಿದೆ. 30 ದಿನದ ಗಡುವು, ತಡವಾದರೆ ಸರಳ ಬಡ್ಡಿ, ಎರಡೂ ಅದರಲ್ಲಿ ಹಾಗೇ ಉಳಿದಿವೆ. ‘ಹಳೇ ಕಾಯ್ದೆ ಹೋಯ್ತು, ಬಡ್ಡಿನೂ ಹೋಯ್ತು’ ಎಂದು ಯಾರಾದರೂ ಹೇಳಿದರೆ ನಂಬಬೇಡಿ.

ಈಗ ನನ್ನ ಲೆಕ್ಕವನ್ನೇ ನೋಡಿ. ಕೊನೆಯ ಸಂಬಳ, ಅಂದರೆ ಬೇಸಿಕ್ ಮತ್ತು ಡಿಎ ಸೇರಿ, 18,200 ರೂಪಾಯಿ. ಅದನ್ನು 26ರಿಂದ ಭಾಗಿಸಿದರೆ ದಿನಕ್ಕೆ 700. ವರ್ಷಕ್ಕೆ 15 ದಿನದ ಲೆಕ್ಕದಲ್ಲಿ 10,500. ಸೇವೆ 22 ವರ್ಷ 4 ತಿಂಗಳು. 6 ತಿಂಗಳು ದಾಟಿದ್ದರೆ ಇನ್ನೊಂದು ವರ್ಷ ಸೇರುತ್ತಿತ್ತು, ದಾಟಿರಲಿಲ್ಲ. ಹಾಗಾಗಿ 22 ವರ್ಷಕ್ಕೆ 2,31,000 ರೂಪಾಯಿ. ಇದಕ್ಕೆ ವರ್ಷಕ್ಕೆ 10% ಅಂದರೆ 23,100. ತಿಂಗಳಿಗೆ 1,925. ನಿವೃತ್ತಿಯಾದದ್ದು ಮೇ 31. ಚೆಕ್ಕು ಬಂದದ್ದು ಮರುವರ್ಷ ಜುಲೈ 31. 14 ತಿಂಗಳಿಗೆ 26,950 ರೂಪಾಯಿ.

ಇಲ್ಲೊಂದು ಮೋಸದ ಜಾಗ ಇದೆ. ಮಿಲ್ಲಿನವರು ಮೊದಲು ‘30 ದಿನ ನಮಗೆ ಟೈಮ್ ಇದೆ, 13 ತಿಂಗಳಿಗೆ ಮಾತ್ರ ಬಡ್ಡಿ’ ಅಂದರು. ತಪ್ಪು. 30 ದಿನದಲ್ಲಿ ಕೊಟ್ಟಿದ್ದರೆ ಬಡ್ಡಿಯೇ ಇಲ್ಲ. ಆ 30 ದಿನ ಮೀರಿದರೆ ಬಡ್ಡಿ ಎಣಿಸುವುದು ಗ್ರಾಚ್ಯುಟಿ ಸಲ್ಲಬೇಕಾದ ದಿನದಿಂದ, ಅಂದರೆ ನಿವೃತ್ತಿಯ ದಿನದಿಂದಲೇ. ಕಾರ್ಮಿಕ ಅಧಿಕಾರಿ ಪುಸ್ತಕ ತೆಗೆದು ಆ ಸಾಲಿನ ಕೆಳಗೆ ಬೆರಳಿಟ್ಟು ತೋರಿಸಿದರು. ಮ್ಯಾನೇಜರ್ ಕನ್ನಡಕ ಹಾಕಿಕೊಂಡು ಎರಡು ಸಲ ಓದಿದರು. ನನಗೆ 1,925 ರೂಪಾಯಿಗಿಂತ ಆ ನೋಟವೇ ಜಾಸ್ತಿ ಖುಷಿ ಕೊಟ್ಟಿತು.

ಬಡ್ಡಿ ಕೊಡದೆ ಮಾಲೀಕ ತಪ್ಪಿಸಿಕೊಳ್ಳಲು ಒಂದೇ ದಾರಿ ಇದೆ. ತಡವಾದದ್ದು ನೌಕರನ ತಪ್ಪಿನಿಂದ ಆಗಿರಬೇಕು, ಮತ್ತು ಆ ಕಾರಣಕ್ಕೆ ತಡವಾಗಿ ಕೊಡಲು ಅಧಿಕಾರಿಯಿಂದ ಲಿಖಿತ ಅನುಮತಿ ಪಡೆದಿರಬೇಕು. ಎರಡೂ ಬೇಕು. ‘ಸೀಸನ್ ಇರಲಿಲ್ಲ’, ‘ಪಾರ್ಟ್ನರುಗಳ ಜಗಳ’, ‘ಎಲ್‌ಐಸಿಯಿಂದ ದುಡ್ಡು ಬಂದಿಲ್ಲ’, ಇವು ಯಾವುವೂ ಕಾನೂನಿನಲ್ಲಿ ಕಾರಣ ಅಲ್ಲ. ಕೆಲವು ಮಾಲೀಕರು ಗ್ರಾಚ್ಯುಟಿಗೆಂದು ಎಲ್‌ಐಸಿಯಲ್ಲಿ ಹಣ ಕಟ್ಟಿರುತ್ತಾರೆ, ಆ ವ್ಯವಹಾರ ಮಾಲೀಕನಿಗೂ ಎಲ್‌ಐಸಿಗೂ ಇರುವುದು. ನಿಮಗೆ ಕೊಡಬೇಕಾದವನು ಮಾಲೀಕ.

ಇನ್ನು ನಾನು ಸಹಿ ಹಾಕಿದ ಆ ಕಾಗದ. ‘ನೀವೇ ಬರೆದುಕೊಟ್ಟಿದ್ದೀರಿ’ ಎಂದು ಅದನ್ನೇ ಮುಂದೆ ಮಾಡಿದರು. ಆದರೆ ಗ್ರಾಚ್ಯುಟಿ ಕಾಯ್ದೆಯ 14ನೇ ಸೆಕ್ಷನ್ ಪ್ರಕಾರ ಬೇರೆ ಯಾವ ಒಪ್ಪಂದಕ್ಕಿಂತಲೂ ಕಾಯ್ದೆಯೇ ಮೇಲು. ಕಾಯ್ದೆ ಕೊಟ್ಟ ಹಕ್ಕನ್ನು ಅಂಥ ಕಾಗದ ಕಿತ್ತುಕೊಳ್ಳಲಾರದು. ಆದರೂ ನನ್ನಂತೆ ಮಾಡಬೇಡಿ. ಸಹಿಯ ಕೆಳಗೆ ‘ಬಡ್ಡಿಯ ಹಕ್ಕು ಕಾಯ್ದಿರಿಸಿ, ಅಸಲು ಮಾತ್ರ ಪಡೆದಿದ್ದೇನೆ’ ಎಂದು ನಿಮ್ಮ ಕೈಯಾರೆ ಬರೆದು ತಾರೀಖು ಹಾಕಿ. ಬರೆಯಲು ಬಿಡದಿದ್ದರೆ ಚೆಕ್ಕು ತಗೊಂಡು ಬಂದು ಅದೇ ದಿನ ಪೋಸ್ಟಿನಲ್ಲಿ ಅದೇ ಮಾತು ಕಳಿಸಿ.

ಬಡ್ಡಿ ಕೊಡುವುದು ದಯೆಯ ಮಾತಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿದ್ದು ಕರ್ನಾಟಕದ ಕೇಸಿನಲ್ಲೇ. ಎಚ್. ಗಂಗಹನುಮೇಗೌಡ ಮತ್ತು ಕರ್ನಾಟಕ ಆಗ್ರೋ ಇಂಡಸ್ಟ್ರೀಸ್ ಕಾರ್ಪೊರೇಷನ್ ನಡುವಿನದು, 2003ರ ತೀರ್ಪು. ಹೈಕೋರ್ಟ್ ಗ್ರಾಚ್ಯುಟಿ ಕೊಡಿಸಿತ್ತು, ಬಡ್ಡಿ ಕೊಡಿಸಿರಲಿಲ್ಲ. ಗೌಡರು ಬಡ್ಡಿಗಾಗಿ ದಿಲ್ಲಿವರೆಗೆ ಹೋದರು. ತಡವಾದರೆ ಬಡ್ಡಿ ಕೊಡಲೇಬೇಕು, ಅದು ಕೋರ್ಟಿನ ಇಷ್ಟಕ್ಕೆ ಬಿಟ್ಟ ವಿಷಯ ಅಲ್ಲ ಎಂದು ತೀರ್ಪಾಯಿತು. ನಿಮ್ಮ ಅರ್ಜಿಯಲ್ಲಿ ಈ ಕೇಸಿನ ಹೆಸರು ಒಂದು ಸಾಲು ಬರೆಯಿರಿ. ಓದುವವರು ಸ್ವಲ್ಪ ನೆಟ್ಟಗೆ ಕೂರುತ್ತಾರೆ.

ಅಂಗನವಾಡಿ ಕಾರ್ಯಕರ್ತೆಯರು, ಸಹಾಯಕಿಯರು ‘ನಮ್ಮದು ಗೌರವಧನ, ನಮಗೆಲ್ಲಿ ಗ್ರಾಚ್ಯುಟಿ’ ಅಂತಾರೆ. 2022ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಗುಜರಾತಿನ ಕೇಸೊಂದರಲ್ಲಿ ಅವರಿಗೂ ಗ್ರಾಚ್ಯುಟಿ ಕಾಯ್ದೆ ಅನ್ವಯಿಸುತ್ತದೆ ಎಂದಿದೆ. ತಡವಾದದ್ದಕ್ಕೆ 10% ಬಡ್ಡಿಯನ್ನೂ ಸೇರಿಸಿದೆ.

ಪತ್ರ ಹೀಗೆ ಬರೆಯಿರಿ

ಉದ್ದ ಬೇಡ. ಕಷ್ಟಸುಖ ಬೇಡ. ಮಗಳ ಮದುವೆ, ಮನೆ ಸಾಲ ಯಾವುದೂ ಬೇಡ. ನಾನು ಬರೆದದ್ದು ಇಷ್ಟೇ:

‘ನಾನು ತಮ್ಮ ಮಿಲ್ಲಿನಲ್ಲಿ 22 ವರ್ಷ 4 ತಿಂಗಳು ಕೆಲಸ ಮಾಡಿ ಮೇ 31ರಂದು ನಿವೃತ್ತನಾಗಿದ್ದೇನೆ. ನನ್ನ ಗ್ರಾಚ್ಯುಟಿ 2,31,000 ರೂಪಾಯಿಯನ್ನು 30 ದಿನದೊಳಗೆ ಕೊಡಬೇಕಿತ್ತು. ಅದನ್ನು ಮರುವರ್ಷ ಜುಲೈ 31ರಂದು ಕೊಟ್ಟಿದ್ದೀರಿ. ಕಾಯ್ದೆಯ 7ನೇ ಸೆಕ್ಷನ್ನಿನ 3ಎ ಉಪವಿಧಿಯಂತೆ ವರ್ಷಕ್ಕೆ 10% ಸರಳ ಬಡ್ಡಿ, 14 ತಿಂಗಳಿಗೆ 26,950 ರೂಪಾಯಿ ಬರಬೇಕು. ಈ ಪತ್ರ ತಲುಪಿದ 15 ದಿನದೊಳಗೆ ನನ್ನ ಖಾತೆಗೆ ಜಮೆ ಮಾಡಿ. ಇಲ್ಲವಾದರೆ ಸಂಬಂಧಪಟ್ಟ ಅಧಿಕಾರಿಯ ಮುಂದೆ ಅರ್ಜಿ ಹಾಕುತ್ತೇನೆ.’

ಕೆಳಗೆ ಸಹಿ, ತಾರೀಖು, ಬ್ಯಾಂಕ್ ಖಾತೆಯ ವಿವರ. ಮೊತ್ತವನ್ನು ನೀವೇ ಲೆಕ್ಕ ಹಾಕಿ ಬರೆಯುವುದು ಮುಖ್ಯ. ‘ನಿಯಮದ ಪ್ರಕಾರ ಬಡ್ಡಿ ಕೊಡಿ’ ಎಂದು ಬರೆದರೆ ಲೆಕ್ಕ ಹಾಕುವ ನೆಪದಲ್ಲಿ ಮತ್ತೆ ಎರಡು ತಿಂಗಳು.

ಯಾವ ಸಾಹೇಬರ ಹತ್ತಿರ ಹೋಗಬೇಕು?

ಇಲ್ಲೇ ಜಾಸ್ತಿ ಜನ ಎಡವುವುದು. ಅಕ್ಕಿ ಮಿಲ್ಲು, ಜಿನ್ನಿಂಗ್ ಮಿಲ್ಲು, ಬಳ್ಳಾರಿಯ ಜೀನ್ಸ್ ಘಟಕ, ಇಂಥ ಸ್ಥಳೀಯ ಸಂಸ್ಥೆಗಳಿಗೆ ರಾಜ್ಯ ಕಾರ್ಮಿಕ ಇಲಾಖೆಯ ಅಧಿಕಾರಿ. ಗಣಿ, ರೈಲ್ವೆ, ಕೇಂದ್ರ ಸರ್ಕಾರದ ಸಂಸ್ಥೆ ಆದರೆ ಕೇಂದ್ರದ ಸಹಾಯಕ ಕಾರ್ಮಿಕ ಆಯುಕ್ತರು. 1972ರ ಕಾಯ್ದೆಯಡಿ ಒಂದಕ್ಕಿಂತ ಹೆಚ್ಚು ರಾಜ್ಯದಲ್ಲಿ ಶಾಖೆ ಇರುವ ಕಂಪನಿಗಳೂ ಕೇಂದ್ರದ ಕೈಗೇ ಬರುತ್ತವೆ. ಹಟ್ಟಿಯ ಚಿನ್ನದ ಗಣಿ ರಾಜ್ಯ ಸರ್ಕಾರದ ಕಂಪನಿಯದು, ಆದರೂ ಗಣಿ ಗಣಿಯೇ. ಕೇಂದ್ರದ ಸಹಾಯಕ ಕಾರ್ಮಿಕ ಆಯುಕ್ತರ ಕಚೇರಿ ಬಳ್ಳಾರಿಯಲ್ಲೇ ಇದೆ. ಬೆಂಗಳೂರಿಗೆ ಓಡಬೇಕಿಲ್ಲ.

ಹಳೇ ನಿಯಮದಲ್ಲಿ ಮಾಲೀಕನಿಗೆ ಕೊಡುವುದು ‘ಐ’ ನಮೂನೆ, ಅಧಿಕಾರಿಗೆ ಕೊಡುವುದು ‘ಎನ್’ ನಮೂನೆ. ಮಾಲೀಕ ನಿರಾಕರಿಸಿದ 90 ದಿನದೊಳಗೆ ‘ಎನ್’ ಹಾಕಬೇಕು. ತಡವಾಗಿದ್ದರೂ ಸರಿಯಾದ ಕಾರಣ ತೋರಿಸಿದರೆ ಅಧಿಕಾರಿ ತೆಗೆದುಕೊಳ್ಳಬಹುದು. ನಮೂನೆಯ ನಂಬರಿಗೆ ತಲೆ ಕೆಡಿಸಿಕೊಳ್ಳಬೇಡಿ. ಈಗ ನಡೆಯುತ್ತಿರುವ ನಮೂನೆಯನ್ನು ಕಚೇರಿಯಲ್ಲೇ ಕೇಳಿ ತಗೊಳ್ಳಿ. ವಕೀಲರು ಇಲ್ಲದೆಯೂ ನಡೆಯುತ್ತದೆ. ನಾನು ಮೂರು ತಾರೀಖಿಗೆ ಹೋದೆ. ಮೊದಲನೆಯದಕ್ಕೆ ಮಿಲ್ಲಿನವರು ಬರಲಿಲ್ಲ, ಎರಡನೆಯದಕ್ಕೆ ಟೈಮ್ ಕೇಳಿದರು, ಮೂರನೆಯದಕ್ಕೆ ಚೆಕ್ಕು ತಂದರು. ಕೈಯಿಂದ ಖರ್ಚಾದದ್ದು ಜೆರಾಕ್ಸ್, ಆಟೋ, ಮತ್ತು ಕಚೇರಿ ಮುಂದಿನ ಒಗ್ಗರಣೆ ಮಿರ್ಚಿ.

ಆದೇಶ ಆದ ಮೇಲೂ ಮಾಲೀಕ ಕೊಡದಿದ್ದರೆ ಅಧಿಕಾರಿ ವಸೂಲಾತಿ ಪತ್ರ ಕೊಡುತ್ತಾರೆ. ಅದು ಜಿಲ್ಲಾಧಿಕಾರಿಗೆ ಹೋಗಿ ಭೂಕಂದಾಯದ ಬಾಕಿಯಂತೆ ವಸೂಲಿಯಾಗುತ್ತದೆ. ಮಾಲೀಕ 60 ದಿನದಲ್ಲಿ ಅಪೀಲು ಹೋಗಬಹುದು, ಆದರೆ ಗ್ರಾಚ್ಯುಟಿ ಮೊತ್ತವನ್ನು ಮೊದಲು ಠೇವಣಿ ಇಡಬೇಕು. ಸುಮ್ನೆ ಎಳೆಯಲು ಅಪೀಲು ಹಾಕುವವರನ್ನು ಇದು ತಡೆಯುತ್ತದೆ.

ಪಿಎಫ್: 20 ದಿನದ ಲೆಕ್ಕ

1952ರ ಪಿಎಫ್ ಯೋಜನೆಯ 72(7)ನೇ ಪ್ಯಾರಾ ಇಲ್ಲಿ ನಿಮ್ಮ ಆಸರೆ. ಎಲ್ಲಾ ದಾಖಲೆ ಸರಿ ಇರುವ ಕ್ಲೇಮು ಕಚೇರಿ ಸೇರಿದ 20 ದಿನದೊಳಗೆ ಹಣ ಕೊಡಬೇಕು. ಕೊರತೆ ಇದ್ದರೆ ಅದನ್ನೂ 20 ದಿನದೊಳಗೆ ಬರಹದಲ್ಲಿ ತಿಳಿಸಬೇಕು. ಸರಿಯಾದ ಕಾರಣ ಇಲ್ಲದೆ ತಡಮಾಡಿದರೆ ವರ್ಷಕ್ಕೆ 12% ದಂಡದ ಬಡ್ಡಿ ಹಾಕಬಹುದು, ಅದನ್ನು ಕಮಿಷನರ್ ಸಂಬಳದಿಂದಲೇ ಹಿಡಿಯಬಹುದು. ಪಕ್ಕಾ ರೂಪಾಯಿ ಬಡ್ಡಿ. ಜೊತೆಗಿನ ಪಿಂಚಣಿ ಅರ್ಜಿಗೂ ಇಂಥದೇ ನಿಯಮ ಪಿಂಚಣಿ ಯೋಜನೆಯಲ್ಲಿದೆ.

ಉದಾಹರಣೆಗೆ 6,40,000 ರೂಪಾಯಿಯ ಕ್ಲೇಮು 75ನೇ ದಿನ ಇತ್ಯರ್ಥವಾಯಿತು ಅನ್ನಿ. ಮೊದಲ 20 ದಿನ ಬಿಡಿ. ಗ್ರಾಚ್ಯುಟಿಗೂ ಇದಕ್ಕೂ ಇರುವ ವ್ಯತ್ಯಾಸ ಇದು, ಇಲ್ಲಿ ಗಡುವು ದಾಟಿದ ದಿನಗಳಿಗೆ ಮಾತ್ರ. 55 ದಿನಕ್ಕೆ, ದಿನಕ್ಕೆ ಸುಮಾರು 210 ರೂಪಾಯಿಯಂತೆ, 11,573 ರೂಪಾಯಿ.

ಸುಳ್ಳು ಆಸೆ ಹುಟ್ಟಿಸುವುದಿಲ್ಲ. ‘ಹಾಕಬಹುದು’ ಎಂದಿದೆ, ‘ಹಾಕಲೇಬೇಕು’ ಎಂದಿಲ್ಲ. ತಾನಾಗಿಯೇ ಈ ಬಡ್ಡಿ ಯಾರ ಖಾತೆಗೂ ಬಿದ್ದದ್ದನ್ನು ನಾನು ನೋಡಿಲ್ಲ. ಆದರೆ ದೂರಿನಲ್ಲಿ ಪ್ಯಾರಾ ನಂಬರು, ದಿನದ ಲೆಕ್ಕ ಬರೆದ ಮೇಲೆ ನಿಂತಿದ್ದ ಅಸಲು ಹೊರಟದ್ದನ್ನು ಹಲವು ಸಲ ನೋಡಿದ್ದೇನೆ. ನನ್ನ ಮಟ್ಟಿಗೆ ಅದೇ ಅರ್ಧ ಗೆಲುವು.

ಈ 20 ದಿನ ಎಣಿಸಲು ಕ್ಲೇಮು ‘ಎಲ್ಲಾ ಸರಿ’ ಇರಬೇಕು. ನಮ್ಮವರ ಕ್ಲೇಮು ಬಿದ್ದುಹೋಗುವುದೇ ಇಲ್ಲಿ. ಹುಲಿಗೆಮ್ಮ ಎಂಬ ಹೆಸರು ಕೊಪ್ಪಳದ ಕಡೆ ಓಣಿಗೆ ನಾಲ್ಕಿವೆ. ಮಿಲ್ಲಿನ ರಿಜಿಸ್ಟರಿನಲ್ಲಿ ಮೇಸ್ತ್ರಿ ‘ಹುಲಿಗೆವ್ವ’ ಎಂದು ಬರೆಸಿರುತ್ತಾನೆ. ಆಧಾರ್‌ನಲ್ಲಿ ‘ಹುಲಿಗೆಮ್ಮ’. ಬ್ಯಾಂಕಿನಲ್ಲಿ ಗಂಡನ ಹೆಸರೂ ಸೇರಿ ಮೂರನೆಯದೊಂದು. ಮೂವರೂ ಒಬ್ಬಳೇ ಎಂದು ಕಂಪ್ಯೂಟರಿಗೆ ಹೇಗೆ ಗೊತ್ತಾಗಬೇಕು? ಹುಟ್ಟಿದ ದಿನದ್ದು ಇನ್ನೊಂದು ಕಥೆ. ಶಾಲೆಗೆ ಹೋದವರೆಲ್ಲ ಜೂನ್ 1ಕ್ಕೆ ಹುಟ್ಟಿದವರು, ಹೋಗದವರು ಜನವರಿ 1ಕ್ಕೆ. ಎರಡೂ ಕಡೆ ಒಂದೇ ದಿನ ಇದೆಯಾ ನೋಡಿ. ಇಲ್ಲದಿದ್ದರೆ ನೀವೂ ಮಾಲೀಕನೂ ಸೇರಿ ಕೊಡುವ ಜಂಟಿ ಘೋಷಣೆ ಹಾಕಿ ಸರಿಮಾಡಿಸಿ. ಇದನ್ನು ನಿವೃತ್ತಿಗೆ ಆರು ತಿಂಗಳು ಇರುವಾಗಲೇ, ಕಂಪನಿಯವರು ಇನ್ನೂ ನಿಮ್ಮ ಮಾತು ಕೇಳುವಾಗಲೇ, ಮುಗಿಸಿ.

ಆಮೇಲೆ ಸಾಲಾಗಿ ಹೀಗೆ ಹೋಗಿ. ಯುಎಎನ್, ಅಂದರೆ ನಿಮ್ಮ ಪಿಎಫ್‌ನ ಖಾಯಂ ನಂಬರು, ಹಾಕಿ ಪಾಸ್‌ಬುಕ್ ತೆಗೆಯಿರಿ. ಆಧಾರ್, ಪ್ಯಾನ್, ಬ್ಯಾಂಕ್ ಖಾತೆ ಜೋಡಣೆಯಾಗಿದೆಯಾ ನೋಡಿ. ಕೆಲಸ ಬಿಟ್ಟ ತಾರೀಖು ಕಂಪನಿಯವರು ಹಾಕಿದ್ದಾರಾ ನೋಡಿ. ಹಾಕದಿದ್ದರೆ ಕೊನೆಯ ವಂತಿಗೆಯ ಎರಡು ತಿಂಗಳ ನಂತರ ನೀವೇ ಹಾಕಬಹುದು. ಪೂರ್ತಿ ಹಣಕ್ಕೆ ಫಾರಂ 19. ಪಿಂಚಣಿಗೆ 10 ವರ್ಷ ಸೇವೆ ಇದ್ದರೆ 10ಡಿ, ಕಡಿಮೆ ಇದ್ದರೆ 10ಸಿ. ಕ್ಲೇಮು ಹಾಕಿದ ದಿನ ಬಂದ ಮೆಸೇಜನ್ನು ಅಳಿಸಬೇಡಿ, ಫೋಟೋ ತೆಗೆದು ಪ್ರಿಂಟು ಹಾಕಿಸಿ. ಅದೇ ನಿಮ್ಮ ತಾರೀಖು.

21ನೇ ದಿನ ಬೆಳಿಗ್ಗೆ ಪಿಎಫ್ ಸಂಸ್ಥೆಯ ದೂರು ಪೋರ್ಟಲ್‌ನಲ್ಲಿ ದೂರು ಹಾಕಿ. ಎರಡು ಸಾಲು ಸಾಕು: ‘ನನ್ನ ಕ್ಲೇಮು ಇಂಥ ದಿನ ಸ್ವೀಕಾರವಾಗಿದೆ, ಯಾವ ಕೊರತೆಯನ್ನೂ ತಿಳಿಸಿಲ್ಲ, 20 ದಿನ ಮುಗಿದಿದೆ. ಪ್ಯಾರಾ 72(7)ರಂತೆ ಹಣವನ್ನೂ ತಡವಾದ ದಿನಗಳ 12% ಬಡ್ಡಿಯನ್ನೂ ಕೊಡಿ.’ ದೂರಿನ ನಂಬರು ಬರೆದಿಟ್ಟುಕೊಳ್ಳಿ. ಕಂಪ್ಯೂಟರ್ ಬಾರದವರಿಗೆ ಒಳ್ಳೆಯ ದಾರಿ ಪ್ರತಿ ತಿಂಗಳ 27ಕ್ಕೆ ಜಿಲ್ಲೆಯಲ್ಲಿ ನಡೆಯುವ ‘ನಿಧಿ ಆಪ್ಕೆ ನಿಕಟ್’ ಶಿಬಿರ. ಅಧಿಕಾರಿಗಳೇ ಬಂದು ಕೂತಿರುತ್ತಾರೆ.

ಕಚೇರಿ ಯಾವುದು ಎಂಬುದೂ ನೋಡಿಕೊಳ್ಳಿ. ಬಳ್ಳಾರಿಯಲ್ಲಿ, ರಾಯಚೂರಿನಲ್ಲಿ ಪಿಎಫ್ ಪ್ರಾದೇಶಿಕ ಕಚೇರಿಗಳಿವೆ. ಆದರೆ ತೋರಣಗಲ್ಲಿನಲ್ಲೋ ಗಿಣಿಗೇರಿಯಲ್ಲೋ ದುಡಿದವರ ಗುತ್ತಿಗೆದಾರ ಹೈದರಾಬಾದಿನವನಾಗಿದ್ದರೆ ಖಾತೆ ಅಲ್ಲಿರಬಹುದು. ಪಾಸ್‌ಬುಕ್ಕಿನ ಸದಸ್ಯ ಸಂಖ್ಯೆಯ ಮೊದಲ ಐದು ಅಕ್ಷರ ಯಾವ ಕಚೇರಿ ಎಂದು ಹೇಳುತ್ತವೆ.

ಪದೇ ಪದೇ ಬೇರೆ ಬೇರೆ ಕಾರಣಕ್ಕೆ ವಾಪಸ್ ಕಳಿಸುತ್ತಿದ್ದರೆ ಮಾಹಿತಿ ಹಕ್ಕಿನ ಅರ್ಜಿ ಹಾಕಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಕೇಳಬೇಕಾದದ್ದು ಮೂರು: ನನ್ನ ಕ್ಲೇಮು ಯಾವ ತಾರೀಖು ಯಾರ ಟೇಬಲ್ಲಿಗೆ ಹೋಯಿತು, ಎಷ್ಟು ದಿನ ಇತ್ತು, ವಾಪಸ್ ಕಳಿಸಿದ ಆದೇಶದ ಪ್ರತಿ. ಮುಂದೆ ಕೇಸು ಹಾಕಿದರೆ ಈ ಉತ್ತರವೇ ಸಾಕ್ಷಿ.

ದಂಡದ ಬಡ್ಡಿ ಬೇರೆ, ಪಿಎಫ್ ಮೇಲಿನ ಮಾಮೂಲಿ ಬಡ್ಡಿ ಬೇರೆ. ಮಾಮೂಲಿ ಬಡ್ಡಿ 2024-25ಕ್ಕೆ 8.25% ಇತ್ತು. ಹಣ ಇತ್ಯರ್ಥವಾಗುವ ದಿನದವರೆಗೂ ಅದನ್ನು ಕೊಡಬೇಕು ಎಂದು ಪಿಎಫ್ ಟ್ರಸ್ಟಿಗಳ ಮಂಡಳಿ 2024ರ ನವೆಂಬರ್‌ನಲ್ಲಿ ತೀರ್ಮಾನಿಸಿದೆ. ಆದರೆ ‘ಅಲ್ಲೇ ಬೆಳೀಲಿ’ ಎಂದು ಬಿಟ್ಟು ಕೂರಬೇಡಿ. 55 ದಾಟಿ ನಿವೃತ್ತರಾದವರು 36 ತಿಂಗಳು ಕ್ಲೇಮು ಹಾಕದಿದ್ದರೆ ಖಾತೆ ನಿಷ್ಕ್ರಿಯವಾಗುತ್ತದೆ, ಬಡ್ಡಿ ನಿಲ್ಲುತ್ತದೆ.

ಮಾಲೀಕ ಕಟ್ಟಿಯೇ ಇಲ್ಲದಿದ್ದರೆ

ಸಂಬಳದಲ್ಲಿ ಹಿಡಿದಿದ್ದಾರೆ, ಪಾಸ್‌ಬುಕ್ಕಿನಲ್ಲಿ ಇಲ್ಲ. ಇದು ತಡ ಅಲ್ಲ, ನಂಬಿಕೆ ದ್ರೋಹ. ಪ್ರತಿ ತಿಂಗಳ ಹಣವನ್ನು ಮುಂದಿನ ತಿಂಗಳ 15ರೊಳಗೆ ಕಟ್ಟಬೇಕು. ಕಟ್ಟದ ಮಾಲೀಕನಿಂದ 1952ರ ಕಾಯ್ದೆಯ 7ಕ್ಯೂ ಸೆಕ್ಷನ್ನಿನಂತೆ 12% ಬಡ್ಡಿ, 14ಬಿ ಪ್ರಕಾರ ದಂಡ ವಸೂಲಿಯಾಗುತ್ತದೆ. ಇದು ನೇರ ನಿಮ್ಮ ಕೈಗೆ ಬರುವ ಹಣ ಅಲ್ಲ, ಪಿಎಫ್ ಕಚೇರಿ ವಸೂಲಿ ಮಾಡುವುದು. ನಿಮ್ಮ ಕೆಲಸ ಸಂಬಳದ ಚೀಟಿಗಳನ್ನು ಜೋಡಿಸಿ, ಯಾವ ಯಾವ ತಿಂಗಳು ಖಾಲಿ ಇದೆ ಎಂದು ಪಟ್ಟಿ ಮಾಡಿ, ಮಾಲೀಕನ ಬಾಕಿ ಎಷ್ಟು ಎಂದು ಗೊತ್ತುಮಾಡುವ 7ಎ ವಿಚಾರಣೆ ನಡೆಸಿ ಎಂದು ಬರೆದುಕೊಡುವುದು. ಗುತ್ತಿಗೆದಾರ ಓಡಿಹೋಗಿದ್ದರೆ ಮೂಲ ಕಂಪನಿಯೇ ಹೊಣೆ. ಅವರ ಹೆಸರನ್ನೂ ದೂರಿನಲ್ಲಿ ಸೇರಿಸಿ.

ಸರ್ಕಾರಿ ನೌಕರರಾಗಿದ್ದವರಿಗೆ

ಇಲ್ಲಿ ಗ್ರಾಚ್ಯುಟಿ ಕಾಯ್ದೆ ಬರುವುದಿಲ್ಲ, ಸೇವಾ ನಿಯಮ ಬರುತ್ತದೆ. ಆದರೂ ಬಡ್ಡಿಯ ಹಕ್ಕು ಇದೆ. ಕೇರಳದ ಎಂ. ಪದ್ಮನಾಭನ್ ನಾಯರ್ 1973ರಲ್ಲಿ ನಿವೃತ್ತರಾದರು. ಕೊನೆಯ ಸಂಬಳದ ಪ್ರಮಾಣಪತ್ರ ಸಿಗದ ಕಾರಣಕ್ಕೆ ಪಿಂಚಣಿ, ಗ್ರಾಚ್ಯುಟಿ ಎರಡು ವರ್ಷಕ್ಕೂ ಜಾಸ್ತಿ ನಿಂತಿತು. ಪಿಂಚಣಿ ಸರ್ಕಾರ ಹಾಕುವ ಭಿಕ್ಷೆಯಲ್ಲ, ತಪ್ಪಿನಿಂದ ತಡವಾದರೆ ಬಡ್ಡಿ ತೆರಬೇಕು ಎಂದು ಸುಪ್ರೀಂ ಕೋರ್ಟ್ ಹೇಳಿತು. ಹರಿಯಾಣದ ಎಸ್.ಕೆ. ದುವಾ ಕೇಸಿನಲ್ಲಿ, 2008ರಲ್ಲಿ, ನಿಯಮ ಇಲ್ಲದಿದ್ದರೂ ಸಂವಿಧಾನದ ಆಧಾರದ ಮೇಲೆ ಬಡ್ಡಿ ಕೇಳಬಹುದು ಎಂದಿತು. ಮೊದಲು ಇಲಾಖೆಗೆ ಪತ್ರ, ಆಮೇಲೆ ಕರ್ನಾಟಕ ಆಡಳಿತ ನ್ಯಾಯಮಂಡಳಿ. ನಿಗಮ ಮಂಡಳಿಯವರು ಹೈಕೋರ್ಟಿಗೆ ಹೋಗಬೇಕಾದರೆ ರಾಯಚೂರಿನವರಿಗೆ ಕಲಬುರಗಿ ಪೀಠ, ಬಳ್ಳಾರಿ, ಕೊಪ್ಪಳದವರಿಗೆ ಧಾರವಾಡ ಪೀಠ.

ಯಾರೂ ಕೇಳದಿದ್ದಾಗ

ಪಿಎಫ್ ಸದಸ್ಯ ಗ್ರಾಹಕನೇ ಎಂದು ಸುಪ್ರೀಂ ಕೋರ್ಟ್ ಶಿವಕುಮಾರ್ ಜೋಶಿ ಕೇಸಿನಲ್ಲಿ ಒಪ್ಪಿದೆ. ಹಾಗಾಗಿ ಪಿಎಫ್ ಕಚೇರಿಯ ವಿಳಂಬಕ್ಕೆ ಜಿಲ್ಲಾ ಗ್ರಾಹಕ ಆಯೋಗಕ್ಕೆ ಹೋಗಬಹುದು. 5 ಲಕ್ಷ ರೂಪಾಯಿವರೆಗೆ ಶುಲ್ಕ ಇಲ್ಲ. ಎರಡು ವರ್ಷದೊಳಗೆ ಹೋಗಬೇಕು. ನಾನು ಇದನ್ನು ಕೊನೆಗೆ ಇಟ್ಟಿದ್ದೇನೆ, ಯಾಕಂದರೆ ಕೇಸು ಹಾಕಿದ ಮೇಲೆ ಓಡಾಟ ಇದ್ದೇ ಇದೆ.

ವಕೀಲರ ಫೀಸಿನ ಚಿಂತೆ ಇದ್ದರೆ ಜಿಲ್ಲಾ ನ್ಯಾಯಾಲಯದ ಆವರಣದಲ್ಲೇ ಇರುವ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಮಹಿಳೆಯರು, ಪರಿಶಿಷ್ಟ ಜಾತಿ, ಪಂಗಡದವರು, ಕಾರ್ಖಾನೆ ಕಾರ್ಮಿಕರು ಇವರಿಗೆ ಉಚಿತ ವಕೀಲರು ಸಿಗುತ್ತಾರೆ. ಸಹಾಯವಾಣಿ 15100.

ಇನ್ನೂ ಕೆಲಸದಲ್ಲಿರುವವರಿಗೆ ಒಂದು ಮಾತು. ಪಿಎಫ್‌ನಲ್ಲಿ ನಾಮಿನಿ ಯಾರು ಎಂದು ಇವತ್ತೇ ತೆಗೆದು ನೋಡಿ. ಮದುವೆಗೆ ಮೊದಲು ತಾಯಿಯ ಹೆಸರು ಬರೆಸಿ ಹಾಗೇ ಬಿಟ್ಟವರು ನಮ್ಮ ಮಿಲ್ಲಿನಲ್ಲೇ ಹನ್ನೊಂದು ಜನ ಇದ್ದರು. ಅದರಲ್ಲಿ ನಾನೂ ಒಬ್ಬ. ಅವ್ವ ತೀರಿ ಒಂಬತ್ತು ವರ್ಷ ಆಗಿತ್ತು.